ಮಗಳಿಗೊಂದು ಪತ್ರ: ಕೀಪರ್ ಇಲ್ಲದೆ ಆಡಿದ ಕೊಮೊರೋಸ್

ಪ್ರೀತಿಯ ಪುಟ್ಟಿ,

ಫುಟ್‌ಬಾಲಿನಲ್ಲಿ ಲೆಫ್ಟ್ ಬ್ಯಾಕ್, ಅಂದರೆ ಎಡಬದಿಯ ಡಿಫೆಂಡರ್ ಆಗಿ ಆಡುವವಳನ್ನು ಗೋಲಿನಲ್ಲಿ ನಿಲ್ಲಿಸೋದು ಯಾವ ನ್ಯಾಯ ಅಂತ ಕೇಳಿದೆಯಲ್ಲ, ಅದು ಫೋನಿನಲ್ಲಿ ಹೇಳಿ ಮುಗಿಸುವ ಮಾತಲ್ಲ. ಈ ಕೆಲಸವನ್ನು ಒಬ್ಬ ಲೆಫ್ಟ್ ಬ್ಯಾಕ್ ಆಫ್ರಿಕಾ ದೇಶಗಳ ಟೂರ್ನಿಯಾದ ಆಫ್ರಿಕಾ ಕಪ್‌ನ ನಾಕೌಟ್ (ಸೋತರೆ ಹೊರಗೆ) ಪಂದ್ಯದಲ್ಲೇ ಮಾಡಿದ್ದಾನೆ. ಹೆಸರು ಶಾಕೆರ್ ಅಲ್ಹಾದುರ್, ದೇಶ ಕೊಮೊರೋಸ್.

ಮಡಗಾಸ್ಕರ್‌ಗೂ ಆಫ್ರಿಕಾದ ಪೂರ್ವ ಕರಾವಳಿಗೂ ನಡುವೆ ಇರುವ ಪುಟ್ಟ ದ್ವೀಪ ದೇಶ ಅದು. ಫಿಫಾ ಸದಸ್ಯತ್ವ ಸಿಕ್ಕಿದ್ದೇ 2005ರಲ್ಲಿ. 2021ರ ಮಾರ್ಚ್ 25ರಂದು ರಾಜಧಾನಿ ಮೊರೊನಿಯಲ್ಲಿ ಟೋಗೊ ಜೊತೆ 0-0 ಡ್ರಾ ಮಾಡಿಕೊಂಡು ಮೊದಲ ಸಲ ಆಫ್ರಿಕಾ ಕಪ್‌ಗೆ ಹೋಯಿತು. ಎಲ್ಲರೂ ಪವಾಡ ಅಂದರು. ನನಗೆ ಆ ಮಾತು ಹಿಡಿಸೋದಿಲ್ಲ. ಅರ್ಹತಾ ಸುತ್ತಿನ ಆರು ಪಂದ್ಯಗಳಲ್ಲಿ ಅವರು ಹೊಡೆದದ್ದು ನಾಲ್ಕೇ ಗೋಲು. ಎರಡು ಗೆಲುವು, ಮೂರು ಡ್ರಾ, ಒಂಬತ್ತು ಅಂಕ. ಸುಲಭಕ್ಕೆ ಗೋಲು ಬಿಡದ ತಂಡ ಕಟ್ಟಿದ್ದರಿಂದ ಆದ ಕೆಲಸ ಅದು. 2014ರಿಂದ ಕೋಚ್ ಆಗಿದ್ದ ಅಮೀರ್ ಅಬ್ದು ಫ್ರಾನ್ಸಿನಲ್ಲಿ, ಅದರಲ್ಲೂ ಮಾರ್ಸೇ ಊರಿನಲ್ಲಿ ನೆಲೆಸಿರುವ ಕೊಮೊರೋಸ್ ಮೂಲದ ಹುಡುಗರನ್ನು ಒಬ್ಬೊಬ್ಬರಾಗಿ ಕರೆತಂದರು. ಹೆತ್ತವರಲ್ಲೋ ಅಜ್ಜ-ಅಜ್ಜಿಯರಲ್ಲೋ ಒಬ್ಬರು ಆ ನೆಲದಲ್ಲಿ ಹುಟ್ಟಿದ್ದರೆ ಫಿಫಾ ನಿಯಮ ಅಡ್ಡ ಬರೋದಿಲ್ಲ.

ಟೂರ್ನಿ ನಡೆದದ್ದು 2022ರ ಜನವರಿ-ಫೆಬ್ರವರಿಯಲ್ಲಿ, ಕ್ಯಾಮರೂನಿನಲ್ಲಿ. ಗ್ಯಾಬನ್ ಎದುರು 0-1, ಮೊರಾಕೊ ಎದುರು 0-2. ಮೂರನೆಯದರಲ್ಲಿ ಗಾನಾವನ್ನು 3-2ರಿಂದ ಸೋಲಿಸಿದರು: ನಾಲ್ಕನೇ ನಿಮಿಷದಲ್ಲಿ ಬೆನ್ ನಬುಹಾನೆ, ಆಮೇಲೆ ಅಹ್ಮದ್ ಮೊಗ್ನಿ ಎರಡು. ಗಾನಾದ ನಾಯಕ ಆಂಡ್ರೆ ಆಯೆವ್ ಮೊದಲರ್ಧದಲ್ಲೇ ರೆಡ್ ಕಾರ್ಡ್ ಪಡೆದು ಹೊರಗೆ ಹೋಗಿದ್ದ ಅನ್ನೋದನ್ನೂ ಲೆಕ್ಕಕ್ಕೆ ಹಿಡಿ.

ಆದರೂ ಮುಂದಿನ ಸುತ್ತು ಖಚಿತವಾಗಿರಲಿಲ್ಲ. ಆರು ಗುಂಪುಗಳಲ್ಲಿ ಮೂರನೇ ಸ್ಥಾನ ಪಡೆದ ಆರು ತಂಡಗಳ ಪೈಕಿ ನಾಲ್ಕಕ್ಕೆ ಮಾತ್ರ ಅವಕಾಶ. ಕೊಮೊರೋಸ್ ಕೈಯಲ್ಲಿದ್ದದ್ದು ಮೂರು ಅಂಕ, ಗೋಲು ವ್ಯತ್ಯಾಸ (ಹೊಡೆದದ್ದರಲ್ಲಿ ಬಿಟ್ಟದ್ದನ್ನು ಕಳೆದರೆ) ಮೈನಸ್ ಎರಡು. ಅಂಕ ಸಮವಾದರೆ ಈ ವ್ಯತ್ಯಾಸ ನೋಡುತ್ತಾರೆ. ಎರಡು ದಿನ ಬಿಟ್ಟು ಸಿಯೆರಾ ಲಿಯೋನ್ ತಂಡ ಈಕ್ವಟೋರಿಯಲ್ ಗಿನಿ ಎದುರು 0-1ರಿಂದ ಹಿಂದಿದ್ದಾಗ ಕೊನೆಗಾಲದಲ್ಲಿ ಪೆನಾಲ್ಟಿ ಸಿಕ್ಕಿತು. ಅದು ಒಳಗೆ ಹೋಗಿ ಪಂದ್ಯ ಡ್ರಾ ಆಗಿದ್ದರೆ ಅವರಿಗೂ ಮೂರು ಅಂಕ, ಗೋಲು ವ್ಯತ್ಯಾಸ ಸೊನ್ನೆ. ಕೊಮೊರೋಸ್ ಗಂಟುಮೂಟೆ ಕಟ್ಟಬೇಕಿತ್ತು. ಆದರೆ ಈಕ್ವಟೋರಿಯಲ್ ಗಿನಿಯ ಕೀಪರ್ ಅದನ್ನು ತಡೆದ. ಅದಕ್ಕೇ ಹೇಳೋದು, ಸೋಲುವ ಪಂದ್ಯದಲ್ಲೂ ಕೊನೆಯ ಹತ್ತು ನಿಮಿಷ ಇನ್ನೊಂದು ಗೋಲು ಬಿಡಬಾರದು ಅಂತ.

ಎಂಟರ ಘಟ್ಟಕ್ಕಿಂತ ಮುಂಚಿನ ಪಂದ್ಯ ಆತಿಥೇಯ ಕ್ಯಾಮರೂನ್ ಜೊತೆ, ಜನವರಿ 24. ತಂಡದಲ್ಲಿ ಮೂವರು ಕೀಪರ್‌ಗಳಿದ್ದರು. ಬೆನ್ ಬೊಯಿನಾಗೆ ಭುಜದ ಪೆಟ್ಟು, ಉಳಿದಿಬ್ಬರಿಗೂ ಕೋವಿಡ್, ಕೋಚ್‌ಗೂ ಕೋವಿಡ್. ಆ ಇಬ್ಬರಲ್ಲಿ ಒಬ್ಬನಾದ ಅಲಿ ಅಹಮದಾಗೆ ಕೊನೆಗಳಿಗೆಯಲ್ಲಿ ನೆಗೆಟಿವ್ ಬಂದರೂ ಐಸೊಲೇಶನ್ ನಿಯಮ ತೋರಿಸಿ ಆಡಲು ಬಿಡಲಿಲ್ಲ. ಹನ್ನೊಂದು ಜನ ಇದ್ದರೆ ಸಾಕು, ಕೀಪರ್ ಇಲ್ಲದಿದ್ದರೂ ಆಡಲೇಬೇಕು, ಇಲ್ಲವಾದರೆ 0-2 ಸೋಲು ಅಂತ ಆ ಟೂರ್ನಿಯ ನಿಯಮ. ಹಾಗಾಗಿ ಅಲ್ಹಾದುರ್ ಕೀಪರ್ ಜೆರ್ಸಿ ತೊಟ್ಟು, ಅದರ ಮೇಲೆ ಟೇಪಿನಿಂದ ತನ್ನ 3ನೇ ನಂಬರ್ ಅಂಟಿಸಿಕೊಂಡು ನಿಂತ. ಏಳನೇ ನಿಮಿಷಕ್ಕೇ ನಾಯಕ ನಜೀಮ್ ಅಬ್ದುಗೆ ರೆಡ್ ಕಾರ್ಡ್. ಹತ್ತೇ ಜನರಲ್ಲಿ ಸೋತದ್ದು 1-2. ಸಾಲದ್ದಕ್ಕೆ 81ನೇ ನಿಮಿಷದಲ್ಲಿ ಯೂಸುಫ್ ಮ್‌ಚಾಂಗಾಮಾ ಬಲು ದೂರದಿಂದ ಫ್ರೀ ಕಿಕ್ ಹೊಡೆದು ಮೇಲಿನ ಮೂಲೆಗೆ ಕಳಿಸಿದ. ಅದೇ ಸಂಜೆ ಸ್ಟೇಡಿಯಂ ಹೊರಗಿನ ಕಾಲ್ತುಳಿತದಲ್ಲಿ ಎಂಟು ಜನ ಸತ್ತರು. ಆ ಪಂದ್ಯದ ಮಾತೆತ್ತಿದರೆ ಅದನ್ನು ಬಿಡುವ ಹಾಗಿಲ್ಲ.

ಇನ್ನು ನಿನ್ನ ವಿಷಯ. ಕೀಪರ್ ಅಲ್ಲದವರು ಮಾಡುವ ಮೊದಲ ತಪ್ಪು ಹೆದರಿ ಗೋಲು ಗೆರೆಗೆ ಅಂಟಿಕೊಳ್ಳೋದು. ಗೋಲಿನ ಅಗಲ 7.32 ಮೀಟರ್. ಚೆಂಡು ಗೆರೆಯಿಂದ 12 ಮೀಟರ್ ದೂರದಲ್ಲಿ ನೇರ ಎದುರಿಗಿದ್ದಾಗ ನೀನು ಮೂರು ಮೀಟರ್ ಮುಂದೆ ಬಂದರೆ ಕಾಯಬೇಕಾದ ಅಗಲ ಸುಮಾರು 5.5 ಮೀಟರಿಗೆ ಇಳಿಯುತ್ತೆ. ಅದಕ್ಕಿಂತ ತೀರಾ ಮುಂದೆ ಬಂದರೆ ತಲೆಯ ಮೇಲಿಂದ ಎತ್ತಿ ಹಾಕುತ್ತಾರೆ. ಎರಡನೆಯ ತಪ್ಪು, ಎದುರಾಳಿ ಒದೆಯುವ ಹೊತ್ತಿಗೆ ಇನ್ನೂ ಓಡುತ್ತಿರೋದು. ಎಲ್ಲೇ ಇರು, ಒದೆಯುವ ಕ್ಷಣಕ್ಕೆ ಎರಡೂ ಕಾಲು ನೆಲದ ಮೇಲಿರಲಿ, ಮಂಡಿ ಮಡಚಿರಲಿ, ಕೈ ಸೊಂಟದ ಮಟ್ಟದಲ್ಲಿ ಮುಂದಿರಲಿ. ಕಾಲ ಹತ್ತಿರದ ನೆಲಮಟ್ಟದ ಚೆಂಡಿಗೆ ಕೈ ತಡವಾಗುತ್ತೆ, ಕಾಲನ್ನೇ ಒಡ್ಡು. ಡಿಫೆಂಡರ್‌ಗೆ ಅದು ಹೇಗೂ ಅಭ್ಯಾಸ. ಪಕ್ಕದಿಂದ ಗುಂಪಿನೊಳಗೆ ಎತ್ತರದಲ್ಲಿ ಬರುವ ಚೆಂಡನ್ನು, ಅಂದರೆ ಕ್ರಾಸನ್ನು, ಹಿಡಿಯಲು ಹೋಗಬೇಡ, ಎರಡೂ ಮುಷ್ಟಿ ಸೇರಿಸಿ ಪಕ್ಕದ ಗೆರೆಯ ಕಡೆ ಗುದ್ದು. ಮಧ್ಯಕ್ಕೆ ಗುದ್ದಿದರೆ ಎದುರಾಳಿಗೇ ಬಡಿಸಿಕೊಟ್ಟ ಹಾಗೆ.

ನಿಮ್ಮವರೇ ಕಾಲಿಂದ ಬೇಕಂತಲೇ ಹಿಂದಕ್ಕೆ ಕೊಟ್ಟ ಚೆಂಡನ್ನು ಕೈಯಲ್ಲಿ ಮುಟ್ಟಿದರೆ ಎದುರಾಳಿಗೆ ಇನ್‌ಡೈರೆಕ್ಟ್ ಫ್ರೀ ಕಿಕ್ (ಇನ್ನೊಬ್ಬರು ಮುಟ್ಟದೆ ನೇರ ಗೋಲಾಗದ ಒದೆತ). 2025ರಿಂದ ಹೊಸ ನಿಯಮ ಬಂದಿದೆ: ಎಂಟು ಸೆಕೆಂಡಿಗಿಂತ ಹೆಚ್ಚು ಹೊತ್ತು ಕೈಯಲ್ಲಿ ಹಿಡಿದಿದ್ದರೆ ಎದುರಾಳಿಗೆ ಕಾರ್ನರ್. ಪಂದ್ಯದ ಮಧ್ಯೆ ಕೀಪರ್ ಜೊತೆ ಜಾಗ ಬದಲಿಸೋದಾದರೆ ಆಟ ನಿಂತಾಗ, ರೆಫ್ರಿಗೆ ಹೇಳಿಯೇ ಬದಲಿಸಿ. ಹೇಳದೆ ಬದಲಿಸಿದರೆ ಇಬ್ಬರಿಗೂ ಯೆಲ್ಲೋ ಕಾರ್ಡ್. ಬೇರೆ ಬಣ್ಣದ ಜೆರ್ಸಿ ಒಂದನ್ನು ಬ್ಯಾಗಿನಲ್ಲಿ ಸದಾ ಇಟ್ಟಿರಿ.

ಗ್ಲೌಸ್ ಮಾತ್ರ ಬೇರೆಯವರದ್ದು ಹಾಕಬೇಡ, ಸಡಿಲ ಇದ್ದರೆ ಚೆಂಡು ಜಾರುತ್ತೆ. ಹೆಬ್ಬೆರಳು ಬಿಟ್ಟು ಅಂಗೈ ಸುತ್ತಳತೆಯನ್ನು ಇಂಚಿನಲ್ಲಿ ಅಳೆದು, ಪೂರ್ಣ ಸಂಖ್ಯೆ ಮಾಡಿ ಒಂದು ಕೂಡಿಸು, ಅದೇ ನಿನ್ನ ಸೈಜು. ಬರೆದು ಕಳಿಸು, ಇಲ್ಲಿಂದಲೇ ತರಿಸಿಕೊಡ್ತೀನಿ. ಹೊಸದನ್ನು ಹಾಕುವ ಮುಂಚೆ ಅಂಗೈ ಭಾಗವನ್ನು ಸ್ವಲ್ಪ ಒದ್ದೆ ಮಾಡಿಕೋ, ಒಣಗಿದ ಲೇಟೆಕ್ಸ್‌ಗೆ ಹಿಡಿತ ಇರೋದಿಲ್ಲ.

ನಿನ್ನ
ಅಮ್ಮ