ಸಿಂಧುತ್ವ ಪ್ರಮಾಣಪತ್ರದ ಅಳುಕು: ಮಗಳಿಗೆ ದೊಡ್ಡಪ್ಪನ ಪತ್ರ

ಚಿ. ರೇಣುಕಾಳಿಗೆ ದೊಡ್ಡಪ್ಪನ ಆಶೀರ್ವಾದಗಳು.

ನೌಕರಿಯ ತಾತ್ಕಾಲಿಕ ಆಯ್ಕೆ ಪಟ್ಟಿಯಲ್ಲಿ ನಿನ್ನ ಹೆಸರು ಬಂದಿರುವುದನ್ನು ನಿಮ್ಮಪ್ಪ ಆಗಲೇ ಹೇಳಿದ್ದ, ಅದರ ಸಂತೋಷವನ್ನು ಮತ್ತೆ ಬರೆಯುವುದಿಲ್ಲ. ಆದರೆ ಪರಿಶಿಷ್ಟ ಪಂಗಡದ ಜಾತಿ ಪ್ರಮಾಣಪತ್ರ ನಿಜವೇ ಎಂದು ಪರಿಶೀಲಿಸಿ ಸಿಂಧುತ್ವ ಪತ್ರ ಕೊಡುವ ಸಮಿತಿಯ ಬಗ್ಗೆ ನಿನ್ನ ಪತ್ರದ ಕೊನೆಯಲ್ಲಿ “ಸಮಿತಿಯವರು ನಮ್ಮದು ಸುಳ್ಳು ಜಾತಿ ಎಂದುಬಿಟ್ಟರೆ?” ಎಂದು ಕೇಳಿದ್ದೀಯಲ್ಲ, ಆ ಸಾಲು ನನ್ನನ್ನು ಬಿಡದೆ ಕಾಡುತ್ತಿದೆ.

ನಿನ್ನ ಅಳುಕಿಗೆ ಕಾರಣವಿಲ್ಲವೆಂದು ನಾನು ಹೇಳಲಾರೆ. ನಿನ್ನ ಪ್ರಮಾಣಪತ್ರದಲ್ಲಿ ನಾಯಕ ಎಂದಿದೆ, ನಿಮ್ಮಪ್ಪನ ಶಾಲಾ ದಾಖಲೆಯಲ್ಲಿ ತಳವಾರ ಎಂದಿದೆ, ಅಜ್ಜನ ಶಾಲೆಯ ದಾಖಲಾತಿ ವಹಿಯಲ್ಲಿ ಬೇಡರ ಎಂದಿದೆ. ಅಜ್ಜ ಓದಿದ್ದು ನಿಜಾಮರ ಆಳ್ವಿಕೆಯಲ್ಲಿ, ಸುರಪುರ ಸೀಮೆಯಲ್ಲಿ. ಆ ವಹಿ ಉರ್ದುವಿನಲ್ಲಿದೆ. ನೀರು ತಾಗಿ ಮಸಿ ಹರಡಿರುವ ಆ ಪುಟದಲ್ಲಿ ಅಜ್ಜನ ಹೆಸರನ್ನೂ ಅವರಪ್ಪನ ಹೆಸರನ್ನೂ ಮುನ್ಷಿಯೊಬ್ಬರು ಬೆರಳಿಟ್ಟು ಓದಿ ತೋರಿಸಿದ್ದರು. ಊರು ಕಾಯುವ ತಳವಾರಿಕೆ ನಮ್ಮ ಮನೆಯಲ್ಲಿದ್ದುದರಿಂದ ನನ್ನನ್ನೂ ನಿಮ್ಮಪ್ಪನನ್ನೂ ಶಾಲೆಗೆ ಸೇರಿಸಿದ ಮಾಸ್ತರರು ಆ ಚಾಕರಿಯ ಹೆಸರನ್ನೇ ಜಾತಿಯ ಅಂಕಣದಲ್ಲಿ ಬರೆದರು. ಅದರಿಂದ ಮುಂದೆ ತೊಡಕಾದೀತೆಂದು ಅವರಿಗೂ ತೋಚಿರಲಿಕ್ಕಿಲ್ಲ, ಅಜ್ಜನಿಗೂ ತೋಚಲಿಲ್ಲ.

ನಾನು ನೌಕರಿಗೆ ಸೇರಿದಾಗ ನಮ್ಮ ಸೀಮೆಯ ಬೇಡರು ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿ ಇರಲಿಲ್ಲ. ನಾಯಕದ ಜೊತೆಗೆ ಬೇಡ, ಬೇಡರ, ವಾಲ್ಮೀಕಿ ಎಂಬ ಹೆಸರುಗಳು ಸೇರಿದ್ದು 1991ರಲ್ಲಿ. ಪರಿವಾರ, ತಳವಾರ ಸೇರಿದ್ದು 2020ರಲ್ಲಿ. ಸವಲತ್ತು ತಪ್ಪಿತೆಂಬ ಕೊರಗು ನನಗಿಲ್ಲ. ಕೊರಗು ಬೇರೆಯೇ ಇದೆ. ಸುಗ್ಗಿ ಮುಗಿದ ಮೇಲೆ ಎತ್ತಿನ ಮೇಲೆ ಕುಳಿತು ಬರುತ್ತಿದ್ದ ಹೆಳವರು ನಮ್ಮ ಅಂಗಳದಲ್ಲಿ ವಹಿ ಬಿಚ್ಚಿ, ಯಾರ ಮಗ ಯಾರು, ಯಾವ ಊರಿಂದ ಬಂದವರು, ಯಾವ ಬೆಡಗು, ಅಂದರೆ ಕುಲದ ಯಾವ ಕವಲು, ಎಂದು ತಲೆಮಾರುಗಟ್ಟಲೆ ಹೇಳುತ್ತಿದ್ದರು. ಅಜ್ಜ ಜೋಳ ಅಳೆದು ಕೊಡುತ್ತಿದ್ದರು, ಮಕ್ಕಳಾದ ನಾವು ಎತ್ತಿನ ಕೊರಳ ಗೆಜ್ಜೆ ನೋಡುತ್ತಿದ್ದೆವು. ಅದನ್ನೆಲ್ಲ ಬರೆದಿಟ್ಟುಕೊಳ್ಳಬೇಕೆಂದು ಮನೆಯಲ್ಲಿ ಯಾರಿಗೂ ಅನ್ನಿಸಲಿಲ್ಲ. ಈಗ ಆ ಹೆಳವರೂ ಬರುವುದಿಲ್ಲ, ಕೇಳೋಣವೆಂದರೆ ಅಜ್ಜನೂ ಇಲ್ಲ.

ಮತ್ತೆ ನಿನ್ನ ಮಾತಿಗೇ ಬರುತ್ತೇನೆ. ಸಮಿತಿಯವರು ಕೆದಕಿ ಕೇಳುವುದು ನಿನ್ನ ಮೇಲಿನ ಅನುಮಾನದಿಂದಲೇ ಎಂದು ತಿಳಿಯಬೇಡ. ನಮ್ಮ ಕಡೆ ಬೇಡರಲ್ಲದ ಕಬ್ಬಲಿಗರಲ್ಲಿಯೂ ಕೋಲಿಗಳಲ್ಲಿಯೂ ತಳವಾರರಿದ್ದಾರೆ. ಕಲಬುರಗಿ, ವಿಜಯಪುರ ಜಿಲ್ಲೆಗಳಲ್ಲಿ ಇದೇ ವಿಷಯಕ್ಕೆ ಎಷ್ಟೋ ವ್ಯಾಜ್ಯಗಳಾಗಿವೆ. ಆ ಹೆಸರೊಂದನ್ನೇ ನೋಡಿ ಅವರು ಸಹಿ ಹಾಕಲಾರರು, ಹಾಕಲೂಬಾರದು. ಸುಳ್ಳು ಪತ್ರದಿಂದ ಸೇರಿದವನೊಬ್ಬನಿಂದ ನಿಜವಾದವನೊಬ್ಬನ ಹುದ್ದೆ ಹೋಗುತ್ತದೆ. ಅದಕ್ಕಾಗಿಯೇ 1994ರಲ್ಲಿ ಮಾಧುರಿ ಪಾಟೀಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇಂಥ ಪರಿಶೀಲನೆಗೊಂದು ಕ್ರಮ ಹಾಕಿಕೊಟ್ಟಿತು. ಕುಲಾಚಾರದ ಪ್ರಶ್ನೆಗಳಿಗೆ ಉತ್ತರ ತಡವರಿಸಿದರೆ ಎಂದು ಹೆದರಬೇಡ, ಆ ಪರೀಕ್ಷೆಯೊಂದೇ ಒರೆಗಲ್ಲಲ್ಲ ಎಂದು 2023ರಲ್ಲಿ ಅದೇ ನ್ಯಾಯಾಲಯ ಹೇಳಿದೆ. ಸಂವಿಧಾನಕ್ಕಿಂತ ಹಿಂದಿನ ದಾಖಲೆಗೆ ತೂಕ ಹೆಚ್ಚು, ಅಜ್ಜನ ವಹಿ ಅಂಥದ್ದು.

ಇನ್ನು ಒಂದು ಮಾತು, ನೀನು ಕೇಳದಿದ್ದರೂ ಹೇಳುತ್ತಿದ್ದೇನೆ, ಬೇಸರಿಸಬೇಡ. ನಿಮ್ಮಪ್ಪನ ದಾಖಲೆಯಲ್ಲಿನ ತಳವಾರವನ್ನು ಈಗ ನಾಯಕ ಎಂದು ತಿದ್ದಿಸಿಕೊಡುತ್ತೇನೆ ಎನ್ನುವ ಮಧ್ಯವರ್ತಿಗಳು ಸಿಗುತ್ತಾರೆ. ಅದಕ್ಕೆ ಒಪ್ಪಬೇಡ. ತಿದ್ದಿದ ಕಾಗದವೇ ಅನುಮಾನಕ್ಕೆ ಎಡೆಮಾಡುತ್ತದೆ. ಮೂರೂ ಹೆಸರುಗಳನ್ನು ಇದ್ದಂತೆಯೇ ಕೊಟ್ಟು, ಅವು ಹೇಗೆ ಬಂದವೆಂದು ಒಂದು ಹಾಳೆಯಲ್ಲಿ ವಿವರಿಸು. ಉರ್ದು ಪುಟದ ದೃಢೀಕೃತ ನಕಲಿನ ಜೊತೆ ಕನ್ನಡ ಅನುವಾದವನ್ನೂ ಇಡಬೇಕಾದೀತು. ಇದೆಲ್ಲ ನಿನಗೆ ಗೊತ್ತೇ ಇರಬಹುದು, ವಯಸ್ಸಾದವರ ಚಟ ಎಂದುಕೋ.

ಒಂದು ಪಕ್ಷ ತಿರಸ್ಕರಿಸಿದರೂ ಮೇಲ್ಮನವಿಗೆ ದಾರಿಯಿದೆ. ತಿರಸ್ಕೃತವಾದ ಅರ್ಜಿಗಳೆಲ್ಲ ಮೋಸದವೂ ಅಲ್ಲ. ಕೋಟೆಗಾರ ಸಮುದಾಯದವರ ವಿಷಯ ನೋಡು. ಸರ್ಕಾರವೇ ಹಿಂದೆ ಕೊಟ್ಟ ಪ್ರಮಾಣಪತ್ರಗಳಿಂದ ನೌಕರಿ ಸೇರಿದವರು 2024ರಲ್ಲಿ ಮೀಸಲಾತಿಯನ್ನು ಕಳೆದುಕೊಂಡರು, ಆದರೆ ಸುಪ್ರೀಂ ಕೋರ್ಟು ಅವರ ನೌಕರಿಯನ್ನು ಉಳಿಸಿತು.

ನಮ್ಮ ಚಿಕ್ಕಜ್ಜನ ಮೊಮ್ಮಗನಿಗೆ ಸಿಂಧುತ್ವ ಈಗಾಗಲೇ ಸಿಕ್ಕಿದೆ. ರಕ್ತಸಂಬಂಧಿಯ ಆ ಪತ್ರವನ್ನು ಸಮಿತಿ ಗಣನೆಗೆ ತೆಗೆದುಕೊಳ್ಳುತ್ತದೆ, ಅದರ ನಕಲನ್ನು ನಾನೇ ತರಿಸಿ ವಂಶವೃಕ್ಷದೊಂದಿಗೆ ಕಳುಹಿಸುತ್ತೇನೆ. ವಿಚಾರಣೆಯ ದಿನ ಗೊತ್ತಾದ ಕೂಡಲೇ ತಿಳಿಸು, ನಾನೂ ಬರುತ್ತೇನೆ. ತಳವಾರ ಎಂದು ಬರೆದಿರುವ ನನ್ನ ಸೇವಾ ಪುಸ್ತಕದ ಪ್ರತಿಯನ್ನೂ ತರುತ್ತೇನೆ.

ಇಂತಿ,
ನಿನ್ನ ದೊಡ್ಡಪ್ಪ