ಹಾಡಿಸುವವರ ದುಡಿಮೆಯೂ ದುಡಿಮೆಯೇ

ಮಾನ್ಯ ಸಂಪಾದಕರೇ,

ಕ್ರಿಸ್‌ಮಸ್ ಹತ್ತಿರವಾದಂತೆ ಚರ್ಚ್ ಗಾನವೃಂದಗಳ ಚಿತ್ರಗಳು ಪತ್ರಿಕೆಗಳಲ್ಲಿ ಅಚ್ಚಾಗುತ್ತವೆ. ಅವುಗಳಲ್ಲಿ ಹಾಡುವವರ ಮುಖ ಕಾಣುತ್ತದೆ, ಹಾಡಿಸುವವರದು ಬೆನ್ನು ಮಾತ್ರ. ಇಪ್ಪತ್ತು ವರ್ಷಗಳಿಂದ ಕಥೋಲಿಕ ಧರ್ಮಕೇಂದ್ರವೊಂದರ ಗಾನವೃಂದದಲ್ಲಿ ಆಲ್ಟೊ ಸಾಲಿನಲ್ಲಿ, ಅಂದರೆ ಹೆಂಗಸರ ಕೆಳದನಿಯ ಸಾಲಿನಲ್ಲಿ, ನಿಂತು ಹಾಡುತ್ತಿರುವ ನಾನು ಆ ಮುಖವನ್ನೇ ನೋಡುತ್ತ ಬಂದವಳಾದ್ದರಿಂದ, ಸಂಗೀತ ನಿರ್ದೇಶಕರ ಕೆಲಸದ ಬಗ್ಗೆ ನಾಲ್ಕು ಮಾತು ಹೇಳಬಯಸುತ್ತೇನೆ.

ಭಾನುವಾರಕ್ಕೆ ನಾಲ್ಕು ಹಾಡು ಆರಿಸಿ ಕೀಬೋರ್ಡ್ ನುಡಿಸಿದರೆ ಅವರ ಕೆಲಸ ಮುಗಿಯಿತೆಂದು ಭಾವಿಸುವವರು ಚರ್ಚ್‌ನ ಒಳಗೂ ಇದ್ದಾರೆ. ಆದರೆ ಭಾನುವಾರದ ವಾಚನಗಳು ಮೂರು ವರ್ಷಗಳ ಆವರ್ತದಲ್ಲಿ ಬದಲಾಗುತ್ತವೆ, ಮೊದಲ ವಾಚನದ ಬಳಿಕ ಹಾಡುವ ಕೀರ್ತನೆಯೂ ಅವುಗಳೊಂದಿಗೆ ಬದಲಾಗುತ್ತದೆ. ಅವನ್ನು ವಾರದ ಮೊದಲೇ ಓದಿಕೊಳ್ಳದೆ ಹಾಡು ಆರಿಸಲಾಗದು. ಕ್ರಿಸ್‌ಮಸ್‌ಗೆ ಮುಂಚಿನ ಆಗಮನ ಕಾಲದ ಮತ್ತು ಈಸ್ಟರ್‌ಗೆ ಮುಂಚಿನ ತಪಸ್ಸು ಕಾಲದ ಭಾನುವಾರಗಳಲ್ಲಿ 'ಗ್ಲೋರಿಯ' ಎಂಬ ಸ್ತುತಿಗೀತೆ ಇಲ್ಲ. ತಪಸ್ಸು ಕಾಲದಲ್ಲಿ 'ಅಲ್ಲೆಲೂಯ'ವೂ ಇಲ್ಲ. ಪವಿತ್ರ ಗುರುವಾರ ಗಂಟೆಗಳ ನಾದದೊಂದಿಗೆ ಗ್ಲೋರಿಯ ಹಾಡಿದ ಮೇಲೆ, ಈಸ್ಟರ್ ಹಿಂದಿನ ರಾತ್ರಿಯ ಪಾಸ್ಖ ಜಾಗರಣೆಯಲ್ಲಿ ಅದು ಮತ್ತೆ ಮೊಳಗುವವರೆಗೆ, ಗಾಯನಕ್ಕೆ ಆಸರೆಯಾಗಿ ಹೊರತು ಆರ್ಗನ್ ನುಡಿಸುವಂತಿಲ್ಲ. ಈ ಲೆಕ್ಕ ತಿಳಿಯದವರು ಎಷ್ಟು ದೊಡ್ಡ ಸಂಗೀತಗಾರರಾದರೂ ಇಲ್ಲಿ ಎಡವುತ್ತಾರೆ.

ಕಾಣಿಕೆಯ ಗೀತೆ ನಡೆಯುವಾಗ ನಮ್ಮ ನಿರ್ದೇಶಕರ ಗಮನವೆಲ್ಲ ಬಲಿಪೀಠದ ಕಡೆಗಿರುತ್ತದೆ. ಗುರುಗಳು ಕೈ ತೊಳೆಯಲು ತಿರುಗಿದೊಡನೆ ಇವರ ತೋರುಬೆರಳು ಮೇಲೇಳುತ್ತದೆ. ಈ ಚರಣಕ್ಕೆ ಮುಗಿಸಬೇಕು ಎಂದರ್ಥ. ಪರಮಪ್ರಸಾದ ಸ್ವೀಕರಿಸುವವರ ಸಾಲು ಇನ್ನೂ ಕರಗಿಲ್ಲವೆಂದರೆ ಅದೇ ಬೆರಳು ಗಾಳಿಯಲ್ಲಿ ಸುತ್ತುತ್ತದೆ, ನಾವು ಪಲ್ಲವಿಗೆ ಮರಳುತ್ತೇವೆ. ಮುಂಜಾನೆಯ ಪೂಜೆಯಲ್ಲಿ ಗಂಟಲುಗಳು ಇನ್ನೂ ಬಿಗಿದಿರುತ್ತವೆಂದು ಅವರು ಶ್ರುತಿಯನ್ನು ಒಂದು ಮನೆ ಇಳಿಸಿರುತ್ತಾರೆ, ಅದು ನಮಗೇ ತಿಳಿದಿರುವುದಿಲ್ಲ. ಒಮ್ಮೆ ಪಲ್ಲವಿಯ ನಡುವೆ ನಮ್ಮೆಲ್ಲರನ್ನೂ ಕೈಸನ್ನೆಯಿಂದ ಸುಮ್ಮನಾಗಿಸಿದರು. ಬೆಂಚುಗಳಲ್ಲಿದ್ದ ಜನ ಅದನ್ನು ಗಮನಿಸದೆ ತಾವಾಗಿಯೇ ಹಾಡುತ್ತ ಹೋದರು. ಆ ದಿನದಷ್ಟು ಸಂತೋಷವನ್ನು ನಾನು ಅವರ ಮುಖದಲ್ಲಿ ಮತ್ತೆ ಕಂಡಿಲ್ಲ.

ಜಗತ್ತಿನ ಕಥೋಲಿಕ ಬಿಷಪರೆಲ್ಲ ಸೇರಿದ್ದ ಎರಡನೇ ವ್ಯಾಟಿಕನ್ ಮಹಾಸಭೆ 1963ರಲ್ಲಿ ಹೊರಡಿಸಿದ ಆರಾಧನಾವಿಧಿಯ ಸಂವಿಧಾನ ಬಯಸಿದ್ದೂ ಇದನ್ನೇ: ಗಾನವೃಂದಗಳನ್ನು ಬೆಳೆಸಬೇಕು, ಆದರೆ ನೆರೆದ ಸಭೆಯೆಲ್ಲ ಹಾಡಿನಲ್ಲಿ ಭಾಗಿಯಾಗಬೇಕು. ಆರಾಧನೆಯ ಸಂಗೀತದ ಬಗ್ಗೆ ರೋಮ್ ಹೊರಡಿಸಿದ 1967ರ ಸೂಚನೆಯಂತೂ ಗುರುಗಳು ಮತ್ತು ಜನರ ನಡುವಿನ ಸಂವಾದಗಳಿಗೇ ಮೊದಲ ಸ್ಥಾನ ಕೊಟ್ಟಿತು; ನಾವು ತಿಂಗಳುಗಟ್ಟಲೆ ತಾಲೀಮು ಮಾಡುವ ಸೊಗಸಾದ ಗೀತೆಗಳ ಸರದಿ ಅನಂತರದ್ದು. (1903ರಲ್ಲಿ ಪೋಪ್ ಹತ್ತನೇ ಪಿಯುಸ್ ಹೊರಡಿಸಿದ ಆದೇಶದಲ್ಲಿ ಹೆಂಗಸರಿಗೆ ಗಾನವೃಂದದಲ್ಲಿ ಜಾಗವೇ ಇರಲಿಲ್ಲ ಎಂಬುದನ್ನು ಆಲ್ಟೊ ಸಾಲಿನವಳಾಗಿ ನಾನು ಆಗಾಗ ನೆನೆಯುತ್ತೇನೆ.)

ಭಾನುವಾರವಲ್ಲದೆ ಮದುವೆ, ಸಾವುಗಳೂ ಇವರ ಪಾಲಿಗೇ ಬರುತ್ತವೆ. ಸಿನಿಮಾ ಹಾಡು ಬೇಕೆಂದು ಹಟ ಹಿಡಿದ ವಧೂವರರಿಗೆ ಮನಸ್ಸು ನೋಯದಂತೆ ಬೇರೆ ಹಾಡು ಒಪ್ಪಿಸಬೇಕು. ಹಾಡುಗಾರರೆಲ್ಲ ಕೆಲಸಕ್ಕೆ ಹೋಗಿರುವ ಮಧ್ಯಾಹ್ನ ಶವಸಂಸ್ಕಾರವಿದ್ದರೆ ಒಬ್ಬರೇ ನುಡಿಸಿ, ಒಬ್ಬರೇ ಹಾಡಬೇಕು.

ಇಷ್ಟಕ್ಕೆ ಪ್ರತಿಫಲವೇನೆಂದು ಕೇಳಿದರೆ ಸಿಗುವ ಉತ್ತರ 'ಸೇವೆ' ಎಂಬ ಒಂದು ಪದ. ನಾನು ಮೊದಲು ಹಾಡುತ್ತಿದ್ದ ಧರ್ಮಕೇಂದ್ರದಲ್ಲಿ ನಿರ್ದೇಶಕರು ನಿಗದಿತ ಗೌರವಧನ ಕೇಳಿದಾಗ, ದೇವರ ಕೆಲಸಕ್ಕೂ ಸಂಬಳವೇ ಎಂದು ಸಭೆಯಲ್ಲೇ ನಕ್ಕರು. ಅದೇ ವಾರ ಮೈಕ್ ದುರಸ್ತಿಗೆ ಬಂದವರ ಬಿಲ್ಲನ್ನು ಮರುಮಾತಿಲ್ಲದೆ ಪಾವತಿಸಿದರು. ನಿರ್ದೇಶಕರು ಬಿಟ್ಟು ಹೋದರು; ಅನಂತರದ ಆರು ತಿಂಗಳು ನಾವು ಎಲ್ಲ ಕೀರ್ತನೆಗಳನ್ನೂ ಒಂದೇ ಧಾಟಿಯಲ್ಲಿ ಹಾಡಿದೆವು.

ಇದು ಹಳೆಯ ಕಥೆ. ಹದಿನಾರನೇ ಶತಮಾನದ ಇಟಲಿಯ ಹೆಸರಾಂತ ಚರ್ಚ್ ಸಂಗೀತಕಾರ ಪ್ಯಾಲೆಸ್ಟ್ರೀನನಂಥವನನ್ನೇ, ಮದುವೆಯಾದವನೆಂಬ ಕಾರಣಕ್ಕೆ, 1555ರಲ್ಲಿ ಪೋಪರ ಗಾನವೃಂದದಿಂದ ಹೊರಗೆ ಕಳುಹಿಸಲಾಯಿತು. ಆದರೂ ಅವನಿಗೆ ಒಂದು ಸಣ್ಣ ಪಿಂಚಣಿಯಾದರೂ ದೊರೆತಿತ್ತು. ಇಂದು ಕಾನೂನಿನ ನೆಪವೂ ಉಳಿದಿಲ್ಲ. ಧರ್ಮಸಭೆಯ 1983ರ ಕಾನೂನು ಸಂಹಿತೆಯ 231ನೇ ವಿಧಿ, ಧರ್ಮಸಭೆಯ ವಿಶೇಷ ಸೇವೆಗೆ ತಮ್ಮನ್ನು ಒಪ್ಪಿಸಿಕೊಂಡ ಶ್ರೀಸಾಮಾನ್ಯರು (ಗುರುಗಳಲ್ಲದ ವಿಶ್ವಾಸಿಗಳು) ತಕ್ಕ ತರಬೇತಿ ಪಡೆದಿರಬೇಕೆಂದು ವಿಧಿಸಿ, ಅವರ ಸ್ಥಿತಿಗೆ ತಕ್ಕ ಗೌರವಯುತ ಸಂಭಾವನೆ ಅವರ ಹಕ್ಕೆಂದೂ ಹೇಳುತ್ತದೆ. ನಾವು ಮೊದಲರ್ಧವನ್ನು ಮಾತ್ರ ನೆನಪಿಟ್ಟುಕೊಂಡಿದ್ದೇವೆ.

ಸಣ್ಣ ಧರ್ಮಕೇಂದ್ರಗಳಿಗೆ ಹಣದ ಮುಗ್ಗಟ್ಟಿದೆ ಎಂಬುದನ್ನು ನಾನು ಬಲ್ಲೆ. ಸಂಭಾವನೆ ಬೇಡವೆನ್ನುವವರೂ ಇದ್ದಾರೆ, ಆದರೆ ಆ ಮಾತು ಅವರ ಬಾಯಿಂದ ಬರಬೇಕೇ ಹೊರತು ಸಮಿತಿಯ ಬಾಯಿಂದಲ್ಲ. ವಾರಕ್ಕೆ ಎಷ್ಟು ಪೂಜೆ, ಎಷ್ಟು ತಾಲೀಮು, ಮದುವೆಗೆ ಎಷ್ಟು ಎಂಬುದನ್ನು ಧರ್ಮಕೇಂದ್ರಗಳ ಪಾಲನಾ ಪರಿಷತ್ತುಗಳು ಬರಹದಲ್ಲಿ ಒಪ್ಪಿಕೊಳ್ಳಲಿ. ಹಾಡಿನ ಪುಸ್ತಕಗಳಿಗೆ ಆಯವ್ಯಯದಲ್ಲಿ ಒಂದು ಸಾಲು ಇರಲಿ. ಎಲ್ಲಕ್ಕಿಂತ ಮೊದಲು, ಪ್ರತಿ ಕಡೆಯೂ ಒಬ್ಬ ಸಹಾಯಕರನ್ನು ತರಬೇತುಗೊಳಿಸಲಿ. ನಮ್ಮ ನಿರ್ದೇಶಕರು ಮಗಳ ಪ್ರಥಮ ಪರಮಪ್ರಸಾದದ ದಿನವೂ ಕೀಬೋರ್ಡ್ ಮುಂದೆಯೇ ಇದ್ದರು. ಅವಳು ಬಲಿಪೀಠದ ಬಳಿ ಬಂದಾಗ ನಾಲ್ಕನೆಯ ಚರಣ ನಡೆಯುತ್ತಿತ್ತು.

ಇತಿ,
ಗಾನವೃಂದದ ಓರ್ವ ಸದಸ್ಯೆ