ಇಲ್ಲಿ ಕೋತಿ ಅಂದರೆ ಮುದ್ದು

ಮ್ಯಾಡ್ರಿಡ್

ಅಮ್ಮಾ,

ಭಾನುವಾರ ವಿಡಿಯೋ ಕಾಲ್‌ನಲ್ಲಿ ನೀನು ಪುಟ್ಟನಿಗೆ "ಲೇ ಕೋತಿ, ಸೋಫಾದಿಂದ ಇಳಿಯೋ" ಅಂತ ಬೈದರೆ ಅವನು ಅಷ್ಟೊಂದು ಖುಷಿಯಾಗಿ ನಕ್ಕನಲ್ಲ, ಯಾಕೆ ಅಂತ ಆಗ ಸರಿಯಾಗಿ ಹೇಳಲು ಆಗಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಸ್ಪ್ಯಾನಿಷ್‌ನಲ್ಲಿ ಕೋತಿಗೆ ಮೋನೊ ಅನ್ನುತ್ತಾರೆ. ಸ್ಪೇನಿನವರು ಮುದ್ದಾಗಿದೆ ಅನ್ನುವುದಕ್ಕೂ ಅದೇ ಮಾತು ಬಳಸುತ್ತಾರೆ. ಮಗು ಚೆಂದ ಕಂಡರೆ "ಕೆ ಮೋನೊ!", ಹೆಣ್ಣು ಮಗುವಾದರೆ "ಕೆ ಮೋನಾ!". ನನಗೆ ಇದು ಗೊತ್ತಿರಲಿಲ್ಲ. ಪುಟ್ಟ ಹುಟ್ಟಿದ ಹೊಸದರಲ್ಲಿ ಕೆಳಗಿನ ಮನೆಯ ಅಜ್ಜಿ ಲಿಫ್ಟ್‌ನಲ್ಲಿ ಅವನ ಕೆನ್ನೆ ಮುಟ್ಟಿ ಹಾಗಂದರು. ನಮ್ಮ ಬಣ್ಣ ನೋಡಿ ಅಂದರೇನೋ ಅಂತ ರಾತ್ರಿಯೆಲ್ಲ ನಿದ್ದೆ ಬರಲಿಲ್ಲ ಅಮ್ಮಾ. ಮರುದಿನ ಅವರೇ ಕೈಯಾರೆ ಹೆಣೆದ ಕುಲಾವಿ ತಂದು ಕೊಟ್ಟರು, ಮತ್ತೆ ಅದೇ ಮಾತು. ಆಗ ಅರ್ಥವಾಯಿತು. ನೀನೂ ಮುದ್ದಿಗೇ ತಾನೆ ಬೈಯೋದು?

ಎಲ್ಲ ಮಾತೂ ಹೀಗೆ ಹಿತವಾಗಿಲ್ಲ. ಗಂಡಸಿಗೆ ಥೋರ್ರೊ, ಅಂದರೆ ನರಿ, ಅಂದರೆ ಚಾಲಾಕಿ ಅಂತ. ಅದನ್ನೇ ಹೆಂಗಸಿಗೆ ಥೋರ್ರಾ ಅಂದರೆ ನಿನಗೆ ಬರೆಯಲಾಗದಂಥ ಬೈಗುಳ. ಒಂದೇ ಪ್ರಾಣಿ, ಹೆಣ್ಣಾದ ತಕ್ಷಣ ಹೊಲಸು ಮಾತಾಗುತ್ತೆ. ನನಗಂತೂ ಇದು ಕೇಳಿದರೆ ಮೈ ಉರಿಯುತ್ತೆ.

ಅಪ್ಪನಿಗೆ ಗೂಬೆ ವಿಷಯ ಹೇಳು. ಇಲ್ಲಿ ರಾತ್ರಿ ಓಡುವ ಸಿಟಿ ಬಸ್ಸಿಗೆ ಬೂಓ ಅಂತಾರೆ, ಗೂಬೆ ಅಂತಲೇ ಅರ್ಥ. ನಮ್ಮಲ್ಲಿ ಮನೆ ಮೇಲೆ ಗೂಬೆ ಕೂತರೆ ಶಾಂತಿ ಮಾಡಿಸುತ್ತಾರೆ, ಸುಮ್ನೆ ತಪ್ಪು ಹೊರಿಸಿದರೆ ಗೂಬೆ ಕೂರಿಸಿದರು ಅನ್ನುತ್ತೇವೆ, ಅಲ್ವಾ? ಇಲ್ಲಿ ಕೆಲಸ ತಡವಾದ ದಿನ ಸಿಬೆಲೆಸ್ ಚೌಕದಲ್ಲಿ ಗೂಬೆ ಹತ್ತಿದರೇನೇ ನಾನು ಮನೆ ಸೇರುವುದು.

ಇನ್ನೊಂದು. ಮ್ಯಾಡ್ರಿಡ್‌ನವರಿಗೆ ಗಾತೊ, ಅಂದರೆ ಬೆಕ್ಕು ಅಂತ ಅಡ್ಡಹೆಸರು. 1085ರ ಸುಮಾರಿಗೆ ಆರನೇ ಅಲ್ಫಾನ್ಸೊ ರಾಜ ಈ ಊರನ್ನು ಗೆದ್ದಾಗ ಒಬ್ಬ ಸಿಪಾಯಿ ಬೆಕ್ಕಿನ ಹಾಗೆ ಕೋಟೆ ಗೋಡೆ ಹತ್ತಿದನಂತೆ, ಅಲ್ಲಿಂದ ಬಂತು ಅಂತ ಕತೆ. ಅವರಿಗೆ ಅದು ಹೆಮ್ಮೆ. ಮೆಕ್ಸಿಕೊದಲ್ಲಿ ಮಾತ್ರ ಮನೆಕೆಲಸದವರನ್ನು ಹೀಯಾಳಿಸಲು ಇದೇ ಮಾತು ಆಡುತ್ತಾರೆ.

ಅಪ್ಪ ಅಮ್ಮ ಅಷ್ಟೇ ಅಲ್ಲ, ಅಜ್ಜ ಅಜ್ಜಿಯರೂ ಇದೇ ಊರಿನವರಾಗಿದ್ದರೆ ಮಾತ್ರ ನಿಜವಾದ ಗಾತೊ ಅಂತೆ. ಶಾಲೆಯಲ್ಲಿ ಯಾರೋ ಹಾಗೆ ಹೇಳಿದ್ದಕ್ಕೆ ಪುಟ್ಟ ಸಪ್ಪೆ ಮುಖ ಮಾಡಿಕೊಂಡು ಬಂದ. ನಿನ್ನ ಅಜ್ಜಿ ತಾತ ತಿಪಟೂರಿನವರು ಕಣೋ ಅಂದೆ. "ಹಾಗಾದ್ರೆ ತಿಪಟೂರಿನವರು ಯಾವ ಪ್ರಾಣಿ?" ಅಂತ ಕೇಳಿದ. ಈ ಭಾನುವಾರ ನೀನೇ ಹೇಳು ಅವನಿಗೆ, ಕಾಯುತ್ತಿದ್ದಾನೆ.

ನಿನ್ನ ಮಗಳು